ಐವತ್ತೆಂಟನೆಯ ಕಂತಿನ ಸದ್ದು

ಮೌಂಡ್‌ರಿಜ್, ಕನ್ಸಾಸ್
9 ಜನವರಿ 2005

ಪ್ರಿಯ ಜೋನೆಲ್,

ಕ್ರಿಸ್ಮಸ್ಸಿಗೆ ನೀನು ಕಳಿಸಿದ ಉಣ್ಣೆಯ ಕಾಲುಚೀಲಗಳು ತಲುಪಿದವು. ಒಂದು ಜೊತೆ ಈಗ ಕಾಲಲ್ಲೇ ಇದೆ. ಹಬ್ಬದ ದಿನ ಫೋನಿನಲ್ಲಿ ನಾನು ಅಡ್ಡಾದಿಡ್ಡಿ ಉತ್ತರ ಕೊಟ್ಟೆನೆಂದು ಮುನಿಸಿಕೊಳ್ಳಬೇಡ. ನಲವತ್ತು ವರ್ಷ ಗೋಧಿ ಕಣಜದ ಯಂತ್ರಗಳ ಪಕ್ಕ ನಿಂತವನ ಕಿವಿ ಇದು. ಈಗ ಹೊಸದೊಂದು ಯಂತ್ರ ಸಿಕ್ಕಿಸಿದ್ದಾರೆ. ಅದರಲ್ಲಿ ಫ್ರಿಜ್ಜಿನ ಸದ್ದು ಬಹಳ ಚೆನ್ನಾಗಿ ಕೇಳುತ್ತದೆ, ಮನುಷ್ಯರದ್ದು ಕೇಳುವುದಿಲ್ಲ. ಆದ್ದರಿಂದ ನಮಗಿಬ್ಬರಿಗೂ ಕಾಗದವೇ ವಾಸಿ. ಕಾಗದದಲ್ಲಾದರೆ ನೀನು ಗೊಣಗಿದ್ದೂ ನನಗೆ ತಿಳಿಯುತ್ತದೆ.

ಒಂದು ಸುದ್ದಿ ಇದೆ. ನಿನಗೆ ನಗು ಬರಬಹುದು, ಆದರೂ ಹೇಳುತ್ತೇನೆ. ನಮ್ಮ ಹಳೆಯ ಕೌಬಾಯ್ ಧಾರಾವಾಹಿ ‘ತ್ರೀ ವೆಲ್ಸ್’ ಪೂರ್ತಿ ಡಿವಿಡಿಯಲ್ಲಿ ಬರುತ್ತಿದೆ. ಮೂರು ವರ್ಷದ ತೊಂಬತ್ತಾರು ಕಂತೂ, ಒಂದೇ ಪೆಟ್ಟಿಗೆಯಲ್ಲಿ. ಹಿಂದೆ ಎಂಬತ್ತೈದರಲ್ಲಿ ಎಂಟು ವೀಡಿಯೊ ಕ್ಯಾಸೆಟ್ ತಂದು ನಿಲ್ಲಿಸಿಬಿಟ್ಟರು. ಆಮೇಲೆ ಅಂಚೆಯಲ್ಲಿ ತಿಂಗಳಿಗೊಂದು ಕ್ಯಾಸೆಟ್ ಕಳಿಸುವ ಕ್ಲಬ್ಬಿಗೆ ಸೇರಿದೆ. ಅವರದೋ, ಮರುಪ್ರಸಾರದಲ್ಲಿ ಜಾಹೀರಾತಿಗೆ ಜಾಗ ಮಾಡಲು ಮೂರು ಮೂರು ನಿಮಿಷ ಕತ್ತರಿಸಿದ ಪ್ರತಿಗಳು. ಕಥಾನಾಯಕ ಅಮೋಸ್ ಥಾರ್ಪ್ ಕುದುರೆ ಹತ್ತುತ್ತಾನೆ, ರೆಪ್ಪೆ ಬಡಿಯುವುದರೊಳಗೆ ಇಳಿಯುತ್ತಾನೆ. ನಡುವೆ ಎಲ್ಲಿಗೆ ಹೋಗಿ ಬಂದನೋ ಆ ದೇವರಿಗೇ ಗೊತ್ತು. ಈಗ ಎಲ್ಲವೂ ಇಡಿಯಾಗಿ ಬರುತ್ತದಂತೆ. ಎಪ್ಪತ್ತಾರನೆಯ ವಯಸ್ಸಿನಲ್ಲಿ ಇನ್ನೇನು ಬೇಕು.

ಸುದ್ದಿಯ ಮುಖ್ಯ ಭಾಗ ಇನ್ನು ಮುಂದಿದೆ. ಐವತ್ತೆಂಟನೆಯ ಕಂತಿಗೆ ಚಿತ್ರ ಇತ್ತು, ಸದ್ದು ಇರಲಿಲ್ಲ. ಉಳಿದಿದ್ದ ಒಂದೇ ಪ್ರತಿಯ ಸದ್ದಿನ ಪಟ್ಟಿ ಹುಳಿ ಬಂದು, ವಿನೆಗರ್ ವಾಸನೆ ಹೊಡೆಯುತ್ತಿತ್ತಂತೆ. ನಮ್ಮ ಸಂಗ್ರಾಹಕರ ಪತ್ರಿಕೆಯಲ್ಲಿ ಥರ್ಲೋ ಬೆಕ್ ಎಂಬಾತ ಪ್ರಕಟಣೆ ಹಾಕಿದ. ಇವನು ಮಿನೆಸೋಟಾದ ಡುಲುತ್‌ನವನು, ಹಳೆಯ ಚಿತ್ರಗಳ ಸದ್ದು ಸರಿಪಡಿಸುವವನು. ದೇಶದಲ್ಲಿ ಯಾರ ಬಳಿಯಾದರೂ ಆ ರಾತ್ರಿಯ ಸದ್ದು ಉಳಿದಿದೆಯೇ ಎಂದು ಕೇಳಿದ್ದ. ನನ್ನ ಬಳಿ ಇತ್ತು. ನಿನಗೆ ನೆನಪಿರಬೇಕು, ಶನಿವಾರ ಸಂಜೆ ಏಳೂವರೆಗೆ ಟೀವಿಯ ಸ್ಪೀಕರಿನ ಮುಂದೆ ಮೈಕು ನಿಲ್ಲಿಸಿ ರೀಲು ಟೇಪಿಗೆ ಹಿಡಿಯುತ್ತಿದ್ದೆನಲ್ಲ. ಆಗ ಮನೆಯಲ್ಲಿ ಚಿತ್ರ ಹಿಡಿದಿಡುವ ಉಪಾಯ ಯಾರಿಗೂ ಇರಲಿಲ್ಲ, ಸದ್ದಾದರೂ ಇರಲಿ ಎಂಬ ಆಸೆ.

ರೀಲು ಕಳಿಸಿದೆ. ಒಂದು ಕಡೆ ಮನೆಯ ಸದ್ದು ಸೇರಿಕೊಂಡಿತ್ತು. ಥರ್ಲೋ ಎರಡು ವಾರ ಕಂಪ್ಯೂಟರಿನ ಮುಂದೆ ಕೂತು ಅದನ್ನೆಲ್ಲ ತೆಗೆದು, ತೊಳೆದಿಟ್ಟ ತಟ್ಟೆಯ ಹಾಗೆ ಮಾಡಿದ್ದಾನೆ. ಪೆಟ್ಟಿಗೆಯ ಹಿಂಬದಿಯಲ್ಲಿ ಕೃತಜ್ಞತೆಗಳ ಕೆಳಗೆ ನನ್ನ ಹೆಸರು ಅಚ್ಚಾಗುತ್ತದೆ: ಆರ್ವಲ್ ಸ್ಟಕಿ, ಕನ್ಸಾಸ್. ನಿನಗೊಂದು ಪ್ರತಿ ಕಳಿಸಲೇ?

ಕಾಲು ಬೆಚ್ಚಗಿರುವ
ನಿನ್ನ ಅಪ್ಪ


ಸ್ಪೊಕೇನ್, ವಾಷಿಂಗ್ಟನ್
24 ಜನವರಿ 2005

ಅಪ್ಪ,

ಪೆಟ್ಟಿಗೆಯ ಮೇಲೆ ನಿಮ್ಮ ಹೆಸರು ಬರುತ್ತಿರುವುದು ಸಂತೋಷ. ನಿಜವಾಗಿಯೂ ಸಂತೋಷ, ವ್ಯಂಗ್ಯವಲ್ಲ. ಆದರೆ ಪ್ರತಿ ಕಳಿಸಬೇಡಿ.

ನೆನಪಿರಬೇಕು ಎಂದು ಬರೆದಿದ್ದೀರಿ. ನನಗೆ ನೆನಪಿರುವುದು ಇಷ್ಟು. ಶನಿವಾರ ಸಂಜೆ ನಮ್ಮ ಮನೆಯಲ್ಲಿ ಪಾಪ್‌ಕಾರ್ನ್ ಮಾಡುತ್ತಿರಲಿಲ್ಲ, ಅಗಿಯುವ ಸದ್ದು ಮೈಕಿಗೆ ಬೀಳುತ್ತದೆಂದು. ನನಗೆ ಬೂಟು ಬಿಚ್ಚಿಸಿ ಕಂಬಳಿಯ ಮೇಲೆ ಕೂರಿಸುತ್ತಿದ್ದಿರಿ. ಕೆಮ್ಮು ಬಂದರೆ ದಿಂಬಿಗೆ ಮುಖ ಒತ್ತಿ ಕೆಮ್ಮಬೇಕಿತ್ತು. ಅಮ್ಮ ಹೋದ ಮೇಲೆ ನೀವು ಟೇಪು ಹಿಡಿಯುವುದನ್ನು ನಿಲ್ಲಿಸಿದಿರಿ, ಆದರೆ ನನ್ನನ್ನು ಸುಮ್ಮನಿರಿಸುವುದನ್ನು ನಿಲ್ಲಿಸಲಿಲ್ಲ. ಹದಿಮೂರು ವರ್ಷ ಆ ಮನೆಯಲ್ಲಿ ನಾನು ಬಾಯಿ ತೆರೆದಾಗಲೆಲ್ಲ ನಿಮ್ಮ ತುಟಿಯ ಮೇಲೆ ಬೆರಳು. ಫೇ ಅತ್ತೆ ಇಲ್ಲದಿದ್ದರೆ ನಾನು ಮಾತು ಕಲಿಯುತ್ತಿದ್ದೆನೋ ಇಲ್ಲವೋ. ಈಗ ಶಾಲೆಯ ಅಡುಗೆಮನೆಯಲ್ಲಿ ಆರುನೂರು ಮಕ್ಕಳ ಗಲಾಟೆಯ ನಡುವೆ ದಿನ ಕಳೆಯುತ್ತೇನೆ. ಜೊತೆಯವರಿಗೆ ತಲೆನೋವು ಬರುತ್ತದೆ, ನನಗೆ ಹಸಿವು ಚೆನ್ನಾಗಿ ಆಗುತ್ತದೆ.

ಅದಿರಲಿ. ನಿಮ್ಮ ಕಾಗದದಲ್ಲಿ ಒಂದು ಸಾಲು ನನಗೆ ಅರ್ಥವಾಗಲಿಲ್ಲ. ಮನೆಯ ಸದ್ದು ಸೇರಿಕೊಂಡಿತ್ತು ಎಂದಿರಿ. ಯಾರ ಸದ್ದು?

ನನ್ನ ಬಳಿ ಅಮ್ಮನ ಹನ್ನೊಂದು ಫೋಟೊಗಳಿವೆ. ಅವಳ ಮೂಗು ಗೊತ್ತು, ಗುಂಡಿ ಕಿತ್ತುಹೋದ ಹಸಿರು ಕೋಟು ಗೊತ್ತು. ಧ್ವನಿ ಗೊತ್ತಿಲ್ಲ. ನಾಲ್ಕೂಮುಕ್ಕಾಲು ವರ್ಷ ಆ ಧ್ವನಿಯನ್ನೇ ಕೇಳಿಕೊಂಡು ಬೆಳೆದಿದ್ದೇನೆ, ಆದರೂ ಒಂದು ಅಕ್ಷರವೂ ಉಳಿದಿಲ್ಲ. ಎಷ್ಟೋ ಸಲ ಕಣ್ಣು ಮುಚ್ಚಿ ಕೂತು ನೆನಪಿಸಿಕೊಳ್ಳಲು ನೋಡಿದ್ದೇನೆ. ತುಟಿ ಆಡುತ್ತದೆ, ಅಷ್ಟೆ.

ಆದ್ದರಿಂದ ಕೇಳುತ್ತಿದ್ದೇನೆ. ದಯವಿಟ್ಟು ನೇರವಾಗಿ ಹೇಳಿ.

ಜೋನೆಲ್


ಮೌಂಡ್‌ರಿಜ್
3 ಫೆಬ್ರವರಿ 2005

ಪ್ರಿಯ ಜೋನೆಲ್,

ಇಲ್ಲಿ ಮೂರು ದಿನದಿಂದ ಗಾಳಿ. ಹೋದ ಶನಿವಾರ ಸಲೈನಾದ ಹಳೆಸಾಮಾನಿನ ಸಂತೆಗೆ ಹೋಗಿದ್ದೆ. ‘ತ್ರೀ ವೆಲ್ಸ್’ ಚಿತ್ರವಿದ್ದ ತಗಡಿನ ಊಟದ ಡಬ್ಬಿ ಸಿಕ್ಕಿತು, ಮಕ್ಕಳು ಶಾಲೆಗೆ ಒಯ್ಯುತ್ತಿದ್ದರಲ್ಲ, ಅಂಥದ್ದು. ಅಂಚು ತುಕ್ಕು ಹಿಡಿದಿದೆ, ಒಳಗಿನ ಫ್ಲಾಸ್ಕು ಇಲ್ಲ. ಮುಚ್ಚಳದ ಮೇಲೆ ಅಮೋಸ್ ಥಾರ್ಪನ ಮೂಗನ್ನು ಯಾವುದೋ ಮಗು ಮೊಳೆಯಿಂದ ಕೆರೆದು ತೆಗೆದಿದೆ. ಮಾರುವವಳು, ‘ಮೂಗಿಲ್ದೆ ಇದ್ರೂ ಗಂಡಸು ಗಂಡಸೇ, ತಗೊಂಡ್ ಹೋಗಿ ತಾತ’ ಎಂದಳು. ಕೊಂಡುತಂದೆ. ಇಂಥ ಆರು ಡಬ್ಬಿಗಳು ಈಗ ನಿನ್ನ ಕೋಣೆಯ ಕಪಾಟಿನಲ್ಲಿವೆ. ಆಟಿಕೆಯ ಕೇಪು ಪಿಸ್ತೂಲು ಮಾತ್ರ ಇನ್ನೂ ಒಂದೇ. ಅದರ ರಟ್ಟಿನ ಪೆಟ್ಟಿಗೆಯನ್ನು ಅರವತ್ತರಿಂದ ಯಾರೂ ಬಿಚ್ಚಿಲ್ಲ, ನಾನೂ ಬಿಚ್ಚಿಲ್ಲ.

ನೀನು ಕೇಳಿದ್ದಕ್ಕೆ ಉತ್ತರ. ಹೌದು, ಅದು ನಿನ್ನ ಅಮ್ಮ ಒಲೀಟಾಳ ಸದ್ದು. ಒಂದೆರಡು ಮಾತು. ಕಾರ್ಯಕ್ರಮದ ಮೇಲೆ ಬಿದ್ದ ಮಾತು, ಕೇಳುವಂಥದ್ದೇನೂ ಇರಲಿಲ್ಲ. ರೀಲು ಒಣಗಿ, ಮುಟ್ಟಿದರೆ ಮುರಿಯುವ ಹಾಗಿತ್ತು. ಕೆಲಸ ಮುಗಿದ ಮೇಲೆ ಬಿಸಾಕಿಬಿಡು ಎಂದು ಥರ್ಲೋಗೆ ನಾನೇ ಚೀಟಿ ಬರೆದು ಇಟ್ಟಿದ್ದೆ.

ಅದರ ಬಗ್ಗೆ ಹೆಚ್ಚು ಯೋಚಿಸಬೇಡ. ಚರ್ಚಿನ ಹೆಂಗಸರು ಮಾಂಸದ ಬನ್ನು ತಂದುಕೊಟ್ಟಿದ್ದಾರೆ, ಎರಡು ದಿನದ ಅಡುಗೆ ತಪ್ಪಿತು.

ನಿನ್ನ ಅಪ್ಪ


ಸ್ಪೊಕೇನ್
11 ಫೆಬ್ರವರಿ 2005

ಅಪ್ಪ,

ಊಟದ ಡಬ್ಬಿಗೆ ಮೂಗಿಲ್ಲದಿದ್ದರೂ ಮನೆಗೆ ತರುತ್ತೀರಿ. ಕೇಪು ಪಿಸ್ತೂಲಿನ ರಟ್ಟನ್ನು ನಲವತ್ತೈದು ವರ್ಷ ಕಾಪಾಡುತ್ತೀರಿ. ಬೆಳಗಿನ ತಿಂಡಿಯ ಸಿರಿಯಲ್ ಪೊಟ್ಟಣದಲ್ಲಿ ಬಿಟ್ಟಿ ಬಂದ ತಗಡಿನ ಬಿಲ್ಲೆಯನ್ನು ಗಾಜಿನೊಳಗೆ ಇಡುತ್ತೀರಿ. ಈ ಲೋಕದಲ್ಲಿ ನನ್ನ ತಾಯಿಯ ಧ್ವನಿ ಒಂದೇ ಒಂದು ಕಡೆ ಇತ್ತು, ಅದನ್ನು ಬಿಸಾಕು ಎಂದು ಚೀಟಿ ಬರೆದಿರಿ.

ಹೆಚ್ಚು ಬರೆಯಲಾರೆ. ಆ ಥರ್ಲೋ ಬೆಕ್‌ನ ವಿಳಾಸ ನಿಮ್ಮ ಪತ್ರಿಕೆಯವರಿಂದ ತೆಗೆದುಕೊಂಡೆ. ಅವರಿಗೆ ಬರೆದಿದ್ದೇನೆ. ನಿಮಗೆ ತಿಳಿಸದೆ ಮಾಡಿದೆ ಎನ್ನಬಾರದಲ್ಲ, ಅದಕ್ಕೇ ಈ ಕಾಗದ.

ಜೋನೆಲ್


ಡುಲುತ್, ಮಿನೆಸೋಟಾ
26 ಫೆಬ್ರವರಿ 2005

ಮಾನ್ಯ ಜೋನೆಲ್ ಅವರಿಗೆ,

ನಿಮ್ಮ ಕಾಗದ ಬಂದು ಹತ್ತು ದಿನವಾಯಿತು. ತಡಮಾಡಿದ್ದು ಸೋಮಾರಿತನದಿಂದಲ್ಲ, ಏನು ಬರೆಯಬೇಕೆಂದು ತೋಚಲಿಲ್ಲ. ನನ್ನ ಹೆಂಡತಿ, ‘ಮೂರು ಕಾಗದ ಹರಿದು ಹಾಕಿದ್ದೀರಿ, ನಾಲ್ಕನೇದನ್ನ ಪೋಸ್ಟ್ ಮಾಡಿ, ಇಲ್ಲ ನಾನೇ ಫೋನ್ ಮಾಡಿ ಎಲ್ಲಾ ಹೇಳ್ಬಿಡ್ತೀನಿ’ ಎಂದು ಹೆದರಿಸಿದ ಮೇಲೆ ಇದನ್ನು ಬರೆಯುತ್ತಿದ್ದೇನೆ.

ಮೊದಲು ನೆಮ್ಮದಿಯ ಮಾತು. ರೀಲು ಇದೆ. ಸಂಗ್ರಹ ಮಾಡುವವನಿಗೆ ಬಿಸಾಕು ಎನ್ನುವುದು, ನಾಯಿಗೆ ಮೂಳೆ ಬಿಡು ಎಂದ ಹಾಗೆ. ನಿಮ್ಮ ತಂದೆಯ ಚೀಟಿ ಓದಿದೆ, ಮಡಿಸಿ ರೀಲಿನ ಡಬ್ಬದೊಳಗೇ ಇಟ್ಟೆ. ರೀಲು ಎರಡು ಕಡೆ ತುಂಡಾಗಿತ್ತು, ಅಂಟು ಹಾಕಿ ಸೇರಿಸಿದ್ದೇನೆ. ನಾನು ಏನನ್ನೂ ತೆಗೆಯುವ ಮೊದಲು ಇದ್ದದ್ದು ಇದ್ದ ಹಾಗೆ ಇಡೀ ಅರ್ಧ ಗಂಟೆಯ ನಕಲನ್ನೂ ಮಾಡಿಟ್ಟಿದ್ದೇನೆ.

ಇನ್ನು ನೆಮ್ಮದಿ ಇಲ್ಲದ ಮಾತು. ಅದನ್ನು ನಿಮಗೆ ಕಳಿಸಲು ನನ್ನಿಂದ ಆಗುವುದಿಲ್ಲ. ನಮ್ಮ ಸಂಗ್ರಾಹಕರ ಕೂಟದಲ್ಲಿ ಒಂದು ಕಟ್ಟಳೆ ಇದೆ: ನಂಬಿ ಕೊಟ್ಟ ವಸ್ತುವಿನ ಒಂದು ಚೂರನ್ನೂ ಕೊಟ್ಟವನ ಒಪ್ಪಿಗೆ ಇಲ್ಲದೆ ಮೂರನೆಯವರಿಗೆ ದಾಟಿಸಬಾರದು. ಮಗಳಾದರೂ ಅಷ್ಟೆ. ಹದಿನಾಲ್ಕು ವರ್ಷದ ಹಿಂದೆ ಒಬ್ಬಾತ ಇದನ್ನು ಮೀರಿದ. ಇವತ್ತಿಗೂ ವರ್ಷದ ಕೂಟದಲ್ಲಿ ಅವನ ಮೇಜಿಗೆ ಯಾರೂ ಕಾಫಿ ಲೋಟ ಹಿಡಿದು ಹೋಗುವುದಿಲ್ಲ. ಈ ಕಟ್ಟಳೆ ಇರುವುದರಿಂದಲೇ ಕನ್ಸಾಸಿನ ಒಬ್ಬ ಮನುಷ್ಯ, ನನ್ನ ಮುಖ ಕಾಣದವನು, ತನ್ನ ಮನೆಯ ಸದ್ದನ್ನು ಅಂಚೆಯಲ್ಲಿ ಹಾಕಿ ನನಗೆ ಕಳಿಸಿದ. ನಾನು ಅದನ್ನು ಮುರಿಯಲಾರೆ.

ಆದರೆ ಆರ್ವಲ್‌ಗೆ ಬರೆದಿದ್ದೇನೆ. ಕಂತಿನ ಮೇಲೆ ಬಿದ್ದ ಮಾತುಗಳನ್ನು ಒಂದೊಂದಾಗಿ ಬಿಡಿಸಿ ತೆಗೆದವನು ನಾನು. ಆದಿಯಿಂದ ಅಂತ್ಯದವರೆಗೆ ಬಹುಶಃ ಇನ್ನೂರು ಸಲ ಕೇಳಿದ್ದೇನೆ. ನಿಮ್ಮ ತಾಯಿಯನ್ನು ನಾನು ನೋಡಿಲ್ಲ, ಆದರೂ ಅವರ ಉಸಿರು ಎಲ್ಲಿ ನಿಲ್ಲುತ್ತದೆ, ಎಲ್ಲಿ ಶುರುವಾಗುತ್ತದೆ ಎಂದು ಹೇಳಬಲ್ಲೆ. ನಿಮಗಿಂತ ಮೊದಲು ನನಗೆ ಆ ಭಾಗ್ಯ ಬಂದದ್ದಕ್ಕೆ ನಾಚಿಕೆಯಾಗುತ್ತದೆ. ಕ್ಷಮಿಸಿ.

ವಿಶ್ವಾಸವಿರಲಿ,
ಥರ್ಲೋ ಬೆಕ್


ಮೌಂಡ್‌ರಿಜ್
3 ಏಪ್ರಿಲ್ 2005

ಪ್ರಿಯ ಜೋನೆಲ್,

ಐದು ವಾರದಿಂದ ಥರ್ಲೋನ ಕಾಗದ ಅಡುಗೆಮನೆಯ ಮೇಜಿನ ಮೇಲಿದೆ. ಒಂದು ದಿನ ಅದರ ಮೇಲೆ ಬೇಕೆಂದೇ ಸಕ್ಕರೆ ಡಬ್ಬ ಇಟ್ಟು ಮರೆಸಿದೆ. ಚಹಾ ಮಾಡುವಾಗ ಮತ್ತೆ ಕಂಡಿತು. ಅವನು ಬರೆದದ್ದು ನಾಲ್ಕೇ ಸಾಲು: ‘ಆರ್ವಲ್, ಆ ರೀಲನ್ನು ನೀನು ಎಲ್ಲಿಯವರೆಗೆ ಕೇಳಿದ್ದೀಯೋ ನನಗೆ ಗೊತ್ತಿಲ್ಲ. ನಾನು ಪೂರ್ತಿ ಕೇಳಿದ್ದೇನೆ. ಮಗಳಿಗೆ ಕೊಡು. ಇದರಲ್ಲಿ ನಾನು ತಲೆ ಹಾಕಬಾರದು, ಆದರೂ ಹಾಕಿದ್ದೇನೆ.’

ನಿನ್ನೆ ಅವನಿಗೆ ಒಪ್ಪಿಗೆ ಬರೆದು ಹಾಕಿದೆ. ನಿನಗೆ ಅದು ಬರುತ್ತದೆ. ಬರುವ ಮೊದಲು ಅದರಲ್ಲಿ ಏನಿದೆ ಎಂದು ನನ್ನ ಕೈಯಿಂದಲೇ ನೀನು ತಿಳಿಯಬೇಕು.

ಅದು ಅರವತ್ತೊಂದನೆಯ ಇಸವಿ ಫೆಬ್ರವರಿ ಹನ್ನೊಂದು. ಹಿಮ ಬೀಳುತ್ತಿತ್ತು. ಒಲೀಟಾ ತೂಗುಕುರ್ಚಿಯಲ್ಲಿದ್ದಳು, ನೀನು ಕಂಬಳಿಯ ಮೇಲೆ. ಕಂತು ಶುರುವಾಗಿ ಹದಿನಾಲ್ಕು ನಿಮಿಷವಾಗಿತ್ತು. ಅಮೋಸ್ ಥಾರ್ಪ್ ಕಳ್ಳರಿಗೆ ಹೊಂಚು ಹಾಕಿ ಕೂತಿರುವ ಜಾಗ, ಎಲ್ಲ ನಿಶ್ಶಬ್ದ. ಆಗ ನಿನ್ನ ತಾಯಿ, ‘ಆರ್ವಲ್, ನಂಗೆ ಎದೇಲಿ ಏನೋ ಒಂಥರಾ ಆಗ್ತಿದೆ’ ಎಂದಳು. ನಾನು ತಿರುಗಿಯೂ ನೋಡದೆ, ‘ಷ್. ಇನ್ನ್ ಹತ್ತು ನಿಮಿಷ. ಮುಗೀಲಿ ತಡಿ’ ಎಂದೆ.

ಅವಳು ಸುಮ್ಮನಾದಳು. ಗುರುವಾರ ಬೆಳಿಗ್ಗೆ ಪಾತ್ರೆ ತೊಳೆಯುತ್ತಾ ನಿಂತವಳು ಅಲ್ಲೇ ಕುಸಿದಳು. ಮಗುವಾಗಿದ್ದಾಗ ಬಂದ ಜ್ವರದಿಂದ ಹೃದಯ ಸೋತಿತ್ತು ಎಂದು ಡಾಕ್ಟರು ಹೇಳಿದರು. ಬೇಗ ತಂದಿದ್ದರೆ, ಎಂದು ಶುರುಮಾಡಿ, ನನ್ನ ಮುಖ ನೋಡಿ ಮಾತು ನುಂಗಿಕೊಂಡರು. ಅವರು ನುಂಗಿದ್ದು ನನ್ನ ಗಂಟಲಲ್ಲಿ ನಿಂತಿದೆ.

ಅವಳು ಇದ್ದಾಗ ಹಿಡಿದವು ಐವತ್ತೆಂಟು ರೀಲು. ಮಿಕ್ಕ ಐವತ್ತೇಳರಲ್ಲೂ ಅವಳಿದ್ದಾಳೆ, ಜೋನೆಲ್. ಒಂದೂ ಮಾತಿಲ್ಲ, ಏಕೆಂದರೆ ನಾನು ಬೇಡ ಎಂದಿದ್ದೆ, ಅವಳು ಪಾಲಿಸಿದಳು. ಕುರ್ಚಿ ಕಿರುಗುಟ್ಟುವುದು ಕೇಳುತ್ತದೆ. ಹೆಣಿಗೆಯ ಕಡ್ಡಿ ತಾಗುವುದು ಕೇಳುತ್ತದೆ. ಇಪ್ಪತ್ತಮೂರನೆಯದರಲ್ಲಿ ಅವಳು ಒಮ್ಮೆ ಸೀನುತ್ತಾಳೆ. ಜನ ನನ್ನನ್ನು ‘ತ್ರೀ ವೆಲ್ಸ್’ ಹುಚ್ಚ ಎನ್ನುತ್ತಾರೆ. ಡಬ್ಬಿ, ಬಿಲ್ಲೆ, ಕ್ಯಾಸೆಟ್ಟು ಎಲ್ಲ ಕೂಡಿಹಾಕಿದ್ದು ನಿಜ. ಆದರೆ ಕಿವಿ ಸರಿಯಿದ್ದ ಕಾಲದಲ್ಲಿ ನಾನು ಕೂತು ಕೇಳುತ್ತಿದ್ದದ್ದು ಆ ಕುರ್ಚಿಯನ್ನು.

ಐವತ್ತೆಂಟನೆಯದನ್ನು ಮಾತ್ರ ಹಾಕಿದಾಗಲೆಲ್ಲ ನನ್ನ ‘ಷ್’ ಬಂದಲ್ಲಿಗೆ ಆರಿಸಿಬಿಡುತ್ತಿದ್ದೆ. ಅದರಾಚೆ ಹೋಗಲು ಧೈರ್ಯವಾಗಲಿಲ್ಲ. ಅವಳು ಕಾದು ಕೂತಿರುವುದನ್ನು ಕೇಳುವುದು ಹೇಗೆ? ಥರ್ಲೋನ ಪ್ರಕಟಣೆ ನೋಡಿದಾಗ ಒಂದು ಹೇಡಿ ಯೋಚನೆ ಬಂತು. ಮನೆಯ ಸದ್ದನ್ನೆಲ್ಲ ತೆಗೆದರೆ ನನ್ನ ಆ ಮಾತೂ ಹೋಗುತ್ತದೆ, ರೀಲು ಬಿಸಾಕಿದರೆ ಯಾರಿಗೂ ಗೊತ್ತಾಗುವುದಿಲ್ಲ, ಮುಖ್ಯವಾಗಿ ನಿನಗೆ ಗೊತ್ತಾಗುವುದಿಲ್ಲ ಎಂದುಕೊಂಡೆ. ಅವಳ ಧ್ವನಿ ನಿನಗೆ ಬೇಕಿರಬಹುದು ಎಂದು ಒಂದು ಕ್ಷಣವೂ ಹೊಳೆಯಲಿಲ್ಲ. ನನ್ನ ತಪ್ಪೊಂದೇ ಅಷ್ಟು ದೊಡ್ಡದಾಗಿ ಕಾಣುತ್ತಿತ್ತು.

ಕೇಳಿದ ಮೇಲೆ ನೀನು ಮತ್ತೆ ಬರೆಯದಿದ್ದರೆ ನಾನು ಅರ್ಥಮಾಡಿಕೊಳ್ಳುತ್ತೇನೆ.

ಆರ್ವಲ್ ಸ್ಟಕಿ,
ನಿನ್ನ ಅಪ್ಪ


ಸ್ಪೊಕೇನ್
24 ಏಪ್ರಿಲ್ 2005

ಅಪ್ಪ,

ಥರ್ಲೋ ಅವರಿಂದ ಡಿಸ್ಕು ಬಂತು. ಮೂಲ ರೀಲನ್ನು ನಿಮಗೇ ಕಳಿಸಿದ್ದಾರಂತೆ. ಮನೆಯಲ್ಲಿ ಹಾಕಿ ಕೇಳಲು ಮನಸ್ಸಾಗಲಿಲ್ಲ. ಮಧ್ಯಾಹ್ನ ಊಟದ ಪಾಳಿ ಮುಗಿದ ಮೇಲೆ ಶಾಲೆಯ ಹಿಂದೆ ಕಾರು ನಿಲ್ಲಿಸಿ, ಏಪ್ರನ್ನನ್ನೂ ಬಿಚ್ಚದೆ ಕೇಳಿದೆ.

ಅವಳ ಧ್ವನಿ ತೆಳುವಾಗಿರಬಹುದು ಎಂದುಕೊಂಡಿದ್ದೆ, ಫೋಟೊದಲ್ಲಿ ಅಷ್ಟು ಸಣ್ಣಗಿದ್ದಾಳಲ್ಲ. ಹಾಗಿಲ್ಲ. ದಪ್ಪ ಧ್ವನಿ, ಸ್ವಲ್ಪ ಗೊಗ್ಗರು, ಆಗಷ್ಟೇ ನಿದ್ದೆಯಿಂದ ಎದ್ದವರ ಹಾಗೆ. ನಿಮ್ಮ ಹೆಸರನ್ನು ಕೊನೆಯಲ್ಲಿ ಎಳೆದು ಹೇಳುತ್ತಾಳೆ.

ನಿಮ್ಮ ‘ಷ್’ ಕೂಡ ಕೇಳಿದೆ. ನೀವು ಮೊದಲೇ ಬರೆದಿದ್ದರೂ, ಕೇಳಿದಾಗ ನನ್ನ ಭುಜ ತಾನಾಗಿ ಮುದುಡಿತು. ನಲವತ್ತೆಂಟು ವರ್ಷದವಳು ನಾನು. ಅದನ್ನು ಕೇಳಲೇ ಇಲ್ಲವೆಂದು ನಟಿಸುವುದಿಲ್ಲ. ನೀವು ಅವಳನ್ನು ಕಾಯಿಸಿದಿರಿ. ಅಂದೂ ಸಿಟ್ಟು ಬರಬೇಕಾದ್ದೇ, ಇಂದೂ ಬಂತು.

ಆದರೆ ಅಪ್ಪ, ಟೇಪು ಅಲ್ಲಿಗೆ ನಿಲ್ಲುವುದಿಲ್ಲ. ಅದರ ಮುಂದೆ ಇರುವುದನ್ನು ಕೇಳಿದಂತೆಯೇ ಬರೆಯುತ್ತೇನೆ. ಐದಾರು ಸಲ ಹಾಕಿ ಬರೆದುಕೊಂಡದ್ದು.

ಗುಂಡಿನ ಸದ್ದುಗಳ ನಡುವೆ ಒಂದು ಮಗು, ಅಂದರೆ ನಾನು, ‘ಅಮ್ಮಾ, ಕುದ್ರೆ ಸತ್ತೋಯ್ತಾ?’ ಎಂದು ಕೇಳುತ್ತದೆ. ಅವಳು ಪಿಸುಗುಟ್ಟುತ್ತಾಳೆ: ‘ಇಲ್ಲ ಕಂದ, ಅದಕ್ಕೆ ಬಿದ್ದ ಹಾಗ್ ಮಾಡೋಕೆ ಕಲಿಸಿರ್ತಾರೆ. ಮನೆಗೆ ಹೋಗಿ ಹುಲ್ಲು ತಿನ್ನುತ್ತೆ.’ ನೀವು ಇನ್ನೊಂದು ಸಲ ‘ಷ್’ ಎನ್ನುತ್ತೀರಿ. ಅವಳಿಗೆ ನಗು ಬರುತ್ತದೆ, ತಡೆದುಕೊಂಡದ್ದು ಮೂಗಿನಲ್ಲಿ ಕೇಳಿಸುತ್ತದೆ. ಕಾದು ಕೂತವಳ ಹಾಗೆ ಇಲ್ಲ ಅದು. ನಾವಿಬ್ಬರೂ ನಿಮ್ಮ ಬೆನ್ನ ಹಿಂದೆ ನಗುತ್ತಿದ್ದೆವು.

ಆಮೇಲೆ ಕೊನೆಯ ಸಂಗೀತ. ಅದಿನ್ನೂ ಮುಗಿದಿಲ್ಲ, ಹೆಸರುಗಳು ಬರುತ್ತಿರಬೇಕು, ನಿಮ್ಮ ಕುರ್ಚಿ ಹಿಂದಕ್ಕೆ ಸರಿಯುವ ಸದ್ದು. ನೀವು, ‘ಏನಾಯ್ತು ಹೇಳೀಗ. ಎಲ್ಲಿ ನೋವು?’ ಎನ್ನುತ್ತೀರಿ.

ಅವಳು: ‘ಏನಿಲ್ಲ, ಈಗ ಹೋಯ್ತು. ಊಟ ಜಾಸ್ತಿ ಆಗಿತ್ತೇನೋ.’

ನೀವು: ‘ಮುಖ ಬಿಳಿಚಿಕೊಂಡಿದೆ. ಕೋಟು ಹಾಕ್ಕೋ, ನ್ಯೂಟನ್ ಆಸ್ಪತ್ರೆಗೆ ಹೋಗ್ಬರೋಣ. ನಾನು ಗಾಡಿ ಬಿಸಿ ಮಾಡ್ತೀನಿ.’

ಅವಳು: ‘ಈ ಹಿಮದಲ್ಲಾ? ಮಗೂನ ಎತ್ಕೊಂಡಾ? ನಿನಗೇನ್ ತಲೆ ಕೆಟ್ಟಿದ್ಯಾ ಆರ್ವಲ್. ಕೂತ್ಕೋ.’

ನೀವು: ‘ಫೇಗೆ ಫೋನ್ ಮಾಡ್ತೀನಿ, ಮಗೂನ ನೋಡ್ಕೋತಾಳೆ.’

ಅವಳು: ‘ಬೇಡ ಅಂದ್ರೆ ಬೇಡ. ಸೋಮವಾರಾನೂ ಹೀಗೇ ಇದ್ರೆ ಆಗ ನೋಡೋಣ. ಮೊದ್ಲು ಆ ಮೆಷಿನ್ ಆರಿಸು, ನಾವ್ ಮಾತಾಡೋದೆಲ್ಲ ಅದಕ್ಕೆ ಯಾಕೆ.’

ಒಂದು ಕ್ಲಿಕ್. ಅಷ್ಟೇ.

ಸೋಮವಾರ ಏನಾಯಿತೋ ನನಗೆ ಗೊತ್ತಿಲ್ಲ. ಬಹುಶಃ ಅವಳು ಚೆನ್ನಾಗಿದ್ದೇನೆ ಎಂದಳು, ನೀವು ನಂಬಿದಿರಿ. ಅದನ್ನು ಯಾರೂ ಟೇಪಿನಲ್ಲಿ ಹಿಡಿದಿಲ್ಲ. ಆದರೆ ಆ ಶನಿವಾರ ನೀವು ಕೇಳಿದಿರಿ, ಅಪ್ಪ. ಎದ್ದು ನಿಂತು ಕೇಳಿದಿರಿ, ಎರಡೆರಡು ಸಲ ಹೇಳಿದಿರಿ, ಬೇಡ ಎಂದವಳು ಅವಳು. ಕೇಳಲು ಕೂತಾಗಲೆಲ್ಲ ನೀವು ಹತ್ತು ನಿಮಿಷ ಮುಂಚೆಯೇ ಟೇಪು ಆರಿಸಿದ್ದರಿಂದ ಇಷ್ಟು ವರ್ಷ ಅರ್ಧ ಮಾತನ್ನೇ ಪೂರ್ತಿ ಎಂದುಕೊಂಡಿರಿ.

ನನಗೆ ಸಿಟ್ಟು ಪೂರ್ತಿ ಹೋಗಿಲ್ಲ. ಆದರೆ ಇವತ್ತು ಕಾರಿನಲ್ಲಿ ಕೂತು ಅತ್ತದ್ದು ಸಿಟ್ಟಿನಿಂದಲ್ಲ.

ಜೂನ್ ಹತ್ತಕ್ಕೆ ಶಾಲೆಗೆ ಬೇಸಿಗೆ ರಜೆ. ಬರಲೇ?

ಜೋನೆಲ್


ಮೌಂಡ್‌ರಿಜ್
8 ಮೇ 2005

ಜೋನೆಲ್, ಮಗಳೇ,

ನಿನ್ನ ಕಾಗದದ ಮಡಿಕೆ ಹರಿಯುವ ಹಾಗಾಗಿದೆ. ಅಷ್ಟು ಸಲ ಓದಿದರೂ ನನಗೆ ಒಂದು ಮಾತೂ ನೆನಪಿಗೆ ಬರಲಿಲ್ಲ. ಗಾಡಿ ಬಿಸಿ ಮಾಡುತ್ತೇನೆ ಎಂದೆನೇ ನಾನು? ಫೇಯನ್ನು ಕರೆಯುತ್ತೇನೆ ಎಂದೆನೇ? ಒಂದು ಹೊತ್ತು ಕೆಟ್ಟ ಅನುಮಾನವೂ ಬಂತು, ಮುದುಕನಿಗೆ ಸಮಾಧಾನವಾಗಲೆಂದು ನೀನೇ ಕಟ್ಟಿ ಬರೆದೆಯೇನೋ ಎಂದು. ನಾಚಿಕೆಗೆಟ್ಟು ಥರ್ಲೋನನ್ನು ಕೇಳಿದೆ. ಅವನು ಒಂದು ಕಾರ್ಡಿನಲ್ಲಿ, ‘ಇದೆ. ಪ್ರತಿ ಮಾತೂ ಇದೆ. ನಿನ್ನ ಕುರ್ಚಿಗೆ ಎಣ್ಣೆ ಬೇಕಿತ್ತು’ ಎಂದು ಬರೆದ.

ರೀಲು ಬಂದಿದೆ. ಮೊನ್ನೆ ಬೆಳಿಗ್ಗೆ ಹಾಕಿದೆ, ಈ ಸಲ ಆರಿಸಲಿಲ್ಲ, ಕೊನೆತನಕ ಕೂತೆ. ಕಿವಿಯ ಯಂತ್ರ ತೆಗೆದು ನೋಡಿದೆ, ಹಾಕಿ ನೋಡಿದೆ, ಸದ್ದನ್ನು ಪೂರ್ತಿ ಏರಿಸಿದೆ. ಗುಂಡು ಕೇಳುತ್ತದೆ. ಕುದುರೆಗಳು ಕೇಳುತ್ತವೆ. ಅವಳಿರುವ ಜಾಗದಲ್ಲಿ ಗಾಳಿ ಬೀಸಿದ ಹಾಗೆ ಏನೋ ಒಂದು, ಅಷ್ಟೆ. ಕೇಳುವ ಕಿವಿ ಇದ್ದಾಗ ನಾನೇ ಆರಿಸಿದೆ. ಈಗ ಯಾರನ್ನು ದೂರಲಿ.

ಇನ್ನೊಂದು ವಿಷಯ ಹೇಳಬೇಕು. ಮೊದಲೇ ಹೇಳಬೇಕಿತ್ತು. ನೀನು ದಪ್ಪ ಧ್ವನಿ, ಗೊಗ್ಗರು, ಕೊನೆಯಲ್ಲಿ ಎಳೆಯುತ್ತಾಳೆ ಎಂದು ಬರೆದೆಯಲ್ಲ. ಅದು ನಿನ್ನದೇ ಧ್ವನಿ. ತಮ್ಮ ಧ್ವನಿ ಯಾರಿಗೂ ಗೊತ್ತಿರುವುದಿಲ್ಲ, ಅದಕ್ಕೇ ನೀನು ಗುರುತು ಹಿಡಿಯಲಿಲ್ಲ. ಆ ಎಳೆಯುವುದು ನಿನಗೆ ಚಿಕ್ಕಂದಿನಿಂದಲೇ ಇತ್ತು, ಹತ್ತು ಹನ್ನೊಂದು ತುಂಬುತ್ತಿದ್ದಂತೆ ಧ್ವನಿಯೂ ಹಾಗೇ ಆಗುತ್ತಾ ಬಂತು. ನೀನು ಅಡುಗೆಮನೆಯಿಂದ ‘ಅಪ್ಪಾ’ ಎಂದು ಕೂಗಿದರೆ ನನ್ನ ಎದೆ ಝಲ್ಲೆನ್ನುತ್ತಿತ್ತು, ಅವಳೇ ಕರೆದಳೆಂದು. ನಿನ್ನನ್ನು ಸುಮ್ಮನಿರು ಎನ್ನುತ್ತಿದ್ದದ್ದು ಟೀವಿಗಾಗಿ ಅಲ್ಲ, ಮಗಳೇ. ನನಗೆ ತಡೆಯುತ್ತಿರಲಿಲ್ಲ. ಅದಕ್ಕೆ ನೀನು ಬೆಲೆ ತೆತ್ತೆ. ತಪ್ಪಾಯಿತು.

ಜೂನ್ ಹತ್ತಕ್ಕೆ ಬಾ. ನಿನ್ನ ಕೋಣೆಯ ಸಾಮಾನನ್ನೆಲ್ಲ ಗ್ಯಾರೇಜಿಗೆ ಸಾಗಿಸುತ್ತಿದ್ದೇನೆ, ಮಂಚ ಕಾಣತೊಡಗಿದೆ. ಬಂದಾಗ ರೀಲು ಹಾಕುತ್ತೇನೆ. ನೀನು ನನ್ನೆದುರಿಗೆ, ನಿನ್ನ ತುಟಿ ನನಗೆ ಕಾಣುವ ಹಾಗೆ ಕೂರಬೇಕು. ಅವಳು ಮಾತಾಡಿದಾಗ ಅದೇ ಮಾತನ್ನು ನೀನು ನಿನ್ನ ಬಾಯಿಂದ ಹೇಳಬೇಕು. ಮೆಲ್ಲಗೆ ಹೇಳಿದರೆ ನನಗೆ ಕೇಳುವುದಿಲ್ಲ, ಗಂಟಲು ಬಿಚ್ಚಿ ಕೂಗಿಯೇ ಹೇಳಬೇಕಾಗುತ್ತದೆ. ಬೀದಿಯವರಿಗೆಲ್ಲ ಕೇಳಿಸಿದರೆ ಕೇಳಿಸಲಿ.

ದಾರಿ ಕಾಯುತ್ತಿರುವ
ಅಪ್ಪ